ಎಲುಬಿನ ಲಿಲಾವು

ಲಾರಿ ಬಂದು ನಿಂತಾಗ ಕೆಂಪವ್ವ ಎಲುಬಿನ ಬಯಲಿನಲ್ಲಿ ನಿಂತು ತನ್ನ ಮನೆಯ ಬಾಗಿಲು ಯಾವ ಕಡೆಗಿರಬೇಕು ಅಂತ ಯೋಚನೆ ಮಾಡುತ್ತಿದ್ದಳು. ಮನೆ ಅಂದರೆ ಇನ್ನೂ ಮನೆಯಾಗಿರಲಿಲ್ಲ. ಮೂಲೆಗೊಂದರಂತೆ ಇಟ್ಟ ಕಲ್ಲು, ನಡುವೆ ಒಂದು ಜಾಲಿಗಿಡ, ಗಿಡದ ಬುಡಕ್ಕೆ ಯಾರದೋ ಎಮ್ಮೆಯ ಬುರುಡೆ. ಬುರುಡೆಯ ಕಣ್ಣಿನ ತೂತಿನಲ್ಲಿ ಮಳೆನೀರು ನಿಂತಿತ್ತು. ಆದರೂ ಅವಳ ಕಣ್ಣಿಗೆ ಅಲ್ಲಿ ಗೋಡೆ ಕಾಣುತ್ತಿತ್ತು, ಒಲೆ ಕಾಣುತ್ತಿತ್ತು, ಒಲೆಯ ಬಾಜೂಕೆ ಒಟ್ಟಿದ ಒಣ ಕುಳ್ಳು ಕಾಣುತ್ತಿತ್ತು. ಒಣ ಕುಳ್ಳು ಅನ್ನುವುದು ಸಣ್ಣ ಮಾತಲ್ಲ. ಕೆಳಗಿನ ಕೇರಿಯಲ್ಲಿ ಮಿರಗದ ಮಳೆ ಹಿಡಿಯಿತೆಂದರೆ ದಸರೆಯ ತನಕ ಒಣಗಿದ್ದು ಅನ್ನುವ ವಸ್ತುವೇ ಇರುತ್ತಿರಲಿಲ್ಲ.

ಲಾರಿಯಿಂದ ಇಳಿದವನು ಧೋತರದ ಮೇಲೆ ಕೋಟು ಹಾಕಿದ ಒಬ್ಬ ದಪ್ಪ ಮನುಷ್ಯ. ಒಂದು ಕೈಯಲ್ಲಿ ಕೊಡೆ, ಇನ್ನೊಂದರಲ್ಲಿ ಧೋತರದ ಚುಂಗು ಹಿಡಿದುಕೊಂಡು ಎಲುಬುಗಳ ನಡುವೆ ಹೆಜ್ಜೆ ಹುಡುಕುತ್ತ ಬಂದ. ಬಗ್ಗಿ ಒಂದು ತೊಡೆ ಎಲುಬು ಎತ್ತಿದ. ಕೊಡೆಯ ಹಿಡಿಕೆಯಿಂದ ಟಕಟಕ ಬಡಿದು ನೋಡಿದ, ಮೂಗಿನ ಹತ್ತಿರ ಒಯ್ದ, ಸಂತೆಯಲ್ಲಿ ಬದನೆಕಾಯಿ ಆರಿಸುವವರ ಹಾಗೆ ಅದನ್ನು ಬಿಟ್ಟು ಇನ್ನೊಂದನ್ನು ಎತ್ತಿದ. ಜಾಗ ಅಳೆಯಲು ಹುಕ್ಕೇರಿ ಕಚೇರಿಯಿಂದ ಬಂದವನಿರಬೇಕು ಅಂದುಕೊಂಡು ಕೆಂಪವ್ವ ಸೆರಗು ಸರಿಮಾಡಿಕೊಂಡು ಮುಂದೆ ಹೋದಳು.

"ಇದು ನಂದ್ರಿ ಸಾಹೇಬ್ರ," ಅಂತ ತನ್ನ ಕಲ್ಲು ತೋರಿಸಿದಳು. "ಆ ಬಾಜೂದ್ದು ಸತ್ತೆವ್ವಂದು. ಮಾಪ ಸರಿ ಹಿಡೀರಿ ಮತ್ತ, ಆಕಿ ಒಂದ ಮಳ ನನ್ನ ಕಡೆ ಬಂದಾಳ."

ಅವನು ನಕ್ಕ. ನಗುವಿನಲ್ಲಿ ಕೆಡುಕೇನೂ ಇರಲಿಲ್ಲ. ತನ್ನ ಹೆಸರು ಅಣ್ಣಾಸಾಹೇಬ, ಇರುವುದು ಗೋಕಾಕದಲ್ಲಿ, ಮುಂಬೈಯ ಒಂದು ಕಂಪನಿಗೆ ಎಲುಬು ಕೂಡಿಸಿ ಕಳಿಸುವುದು ತನ್ನ ಉದ್ಯೋಗ ಅಂದ. ಈ ಬಯಲನ್ನು ಲಿಲಾವಿಗೆ ಇಡುತ್ತೇವೆ ಅಂತ ಪಂಚಾಯತಿಯ ಚೇರಮನ್ನರು ಹೇಳಿಕಳಿಸಿದ್ದಾರೆ, ಮಾಲು ಹ್ಯಾಂಗೈತಿ ನೋಡಿ ಹೋಗೋಣ ಅಂತ ಬಂದೆ ಅಂದ. ಮಾಲು ಅಂದಾಗ ಕೆಂಪವ್ವ ಹಿಂದೆ ಮುಂದೆ ನೋಡಿದಳು. ಅಲ್ಲಿ ಎಲುಬು ಬಿಟ್ಟರೆ ಇದ್ದವಳು ಅವಳೊಬ್ಬಳೇ.

ಘೋಡಗೇರಿಯಲ್ಲಿ ದನ ಸತ್ತರೆ ಅದನ್ನು ಎಳೆದೊಯ್ದು ಆ ದಿಬ್ಬದ ಬಯಲಿಗೆ ಹಾಕುವುದು ಕೆಳಗಿನ ಕೇರಿಯ ಪಾಲಿಗೆ ಬಂದ ಕೆಲಸವಾಗಿತ್ತು. ಕೇರಿಯವರೇ ಸುಲಿಯಬೇಕು, ಕೇರಿಯವರೇ ಆ ಖಂಡ ತಿಂದು ಹೊಟ್ಟೆ ತುಂಬಿಸಿಕೊಳ್ಳಬೇಕು. ಕೆಂಪವ್ವನ ಗಂಡ ಉದ್ದಪ್ಪ ಉಳಿದ ಎಲುಬು ಆರಿಸಿ ಗುಡ್ಡೆ ಹಾಕುತ್ತಿದ್ದ. ಸುಗ್ಗಿ ಮುಗಿದ ಮೇಲೆ ಕತ್ತೆ ಹೊಡೆದುಕೊಂಡು ಒಬ್ಬ ವ್ಯಾಪಾರಿ ಬರುತ್ತಿದ್ದ, ಗುಡ್ಡೆ ಹೇರಿಕೊಂಡು ಬದಲಿಗೆ ಉಪ್ಪು, ಶೇಂಗಾ ಸುರಿದು ಹೋಗುತ್ತಿದ್ದ. ಒಂದು ವರ್ಷ ಮುರಿದ ಪಕ್ಕೆಲುಬಿನ ಚೂಪು ಉದ್ದಪ್ಪನ ಅಂಗಾಲಿಗೆ ಹೊಕ್ಕಿತು. ವಾರ ತುಂಬುವುದರೊಳಗೆ ಹಲ್ಲು ಕಚ್ಚಿಕೊಂಡು, ಮೈ ಬಿಲ್ಲಿನ ಹಾಗೆ ಬಾಗಿ, ಸತ್ತ. ಆ ಸಲದ ಶೇಂಗಾವನ್ನು ಅವನ ಮಣ್ಣಿಗೆ ಬಂದವರು ತಿಂದರು.

ಮುಂದೆ ಕೇರಿ ಬೌದ್ಧ ದೀಕ್ಷೆ ತೆಗೆದುಕೊಂಡಿತು. ನಿಪ್ಪಾಣಿ ಕಡೆಯಿಂದ ಬಂದವರು ಬಾಬಾಸಾಹೇಬರ ಫೋಟೋ ಇಟ್ಟು ಎಲ್ಲರ ಕೈಯಲ್ಲಿ ಆಣೆ ಮಾಡಿಸಿದರು. ಸತ್ತ ದನ ಎಳೆಯುವುದಿಲ್ಲ, ಸತ್ತದ್ದನ್ನು ತಿನ್ನುವುದಿಲ್ಲ, ಊರಿಗೆ ಹಲಗೆ ಬಾರಿಸುವುದಿಲ್ಲ. ಕೇರಿಯ ಹಿರಿಯ ಲಗಮಣ್ಣ ಕಾಕಾ ತನ್ನ ಅಪ್ಪನ ಕಾಲದ ಹಲಗೆಯನ್ನು ಎಲ್ಲರ ಮುಂದೆ ಹೊಳೆಗೆ ಎಸೆದ. ಊರು ಸಿಟ್ಟಿಗೆದ್ದಿತು. ಕೂಲಿಗೆ ಕರೆಯುವುದು ನಿಂತಿತು, ಬಾವಿಯ ಹಾದಿಗೆ ಮುಳ್ಳು ಬಿತ್ತು. ಅದೇ ವರ್ಷ ದನಗಳಿಗೆ ದೊಡ್ಡಬ್ಯಾನಿ ಬಂದು ಕೊಟ್ಟಿಗೆಗಳು ಖಾಲಿಯಾದವು. ಊರವರು ಕೇರಿಗೆ ಬಂದು ಕೂಗಿದರು, ಬೈದರು, ಕಡೆಗೆ ಮೂಗಿಗೆ ಅರಿವೆ ಕಟ್ಟಿಕೊಂಡು ತಮ್ಮ ದನ ತಾವೇ ಎಳೆದರು. ಎಳೆದು ಗೊತ್ತಿಲ್ಲದವರು ಕೊಂಬಿಗೆ ಹಗ್ಗ ಹಾಕಿ ಜಗ್ಗುವುದನ್ನು, ಕೊಂಬು ಕಿತ್ತು ಬೆನ್ನ ಮೇಲೆ ಬೀಳುವುದನ್ನು ಕೇರಿಯ ಹೆಂಗಸರು ಬಾಗಿಲಲ್ಲಿ ನಿಂತು ನೋಡಿದರು. ಆ ವರ್ಷ ಸತ್ತ ದನಗಳ ಎಲುಬು ಆರಿಸುವವರಿಲ್ಲದೆ ಬಯಲ ತುಂಬ ಬಿಸಿಲಿಗೆ ಬಿಳಿಚಿ ಬಿದ್ದುಕೊಂಡಿತ್ತು.

ಅದೇ ಬಯಲನ್ನು ಕೇರಿಯವರು ಮನೆ ಕಟ್ಟಿಕೊಳ್ಳಲು ಕೇಳಿದ್ದರು. ಯಾಕೆಂದರೆ ಅದು ಎತ್ತರದ ಜಾಗ. ಕೇರಿ ಇದ್ದದ್ದು ಹಳ್ಳ ಹೊಳೆಗೆ ಕೂಡುವ ತಗ್ಗಿನಲ್ಲಿ. ಹೊಳೆ ಏರಿದರೆ ನೀರು ಮೊದಲು ಕೆಂಪವ್ವನ ಒಲೆಯನ್ನು ಕೇಳಿ ಆಮೇಲೆ ಊರಿನ ಕಡೆ ನೋಡುತ್ತಿತ್ತು. ಹೋದ ವರ್ಷ ಅವಳು, ಅವಳ ಅತ್ತೆ ಉದ್ದವ್ವ ರಾತ್ರಿಯಿಡೀ ಬಾಜಿನ ಮಂಚದ ಮೇಲೆ ಕುಳಿತು, ಕೋಳಿ, ಹಾವು ಎಲ್ಲ ಒಂದೇ ಜಂತಿಯ ಮೇಲೆ ಕೂತಿದ್ದನ್ನು ಕಂಡಿದ್ದರು. ಬೇಸಿಗೆಯಲ್ಲಿ ತಾಲೂಕಿನ ಮಾಮಲೇದಾರರು ಸ್ಥಳ ನೋಡಲು ಬಂದರು. ಮೂಗಿಗೆ ಕರವಸ್ತ್ರ ಒತ್ತಿ ಹಿಡಿದು, ಜೀಪಿನಿಂದ ಇಳಿಯದೆ, "ಈ ಜಾಗ ಮತ್ಯಾರಿಗೆ ಬೇಕ್ರಪಾ, ತಗೋರಿ," ಅಂದು ಹೋದರು. ಅವತ್ತೇ ಮನೆಗೊಬ್ಬರು ಬಂದು ತಮ್ಮ ತಮ್ಮ ಕಲ್ಲು ಇಟ್ಟುಕೊಂಡಿದ್ದರು. ಕಾಗದ ಮಾತ್ರ ಇನ್ನೂ ಬರಬೇಕಿತ್ತು.

ಲಾರಿ ಬಂದು ಹೋದ ಮರುದಿನ ಪಂಚಾಯತಿಯ ಸಿಪಾಯಿ ಮಾಯಪ್ಪ ಡಂಗುರ ಸಾರಿದ. ಹಲಗೆ ಹೊಳೆಯ ಪಾಲಾಗಿತ್ತಲ್ಲ, ಅವನು ಚಿಮಣಿ ಎಣ್ಣೆಯ ಡಬ್ಬಿಯನ್ನು ಬಡಿಗೆಯಿಂದ ಬಾರಿಸುತ್ತ ಬಂದ. ತಾಳವಿಲ್ಲ, ಲಯವಿಲ್ಲ, ನಾಯಿಗಳು ಬೆನ್ನಿಗೆ ಬಿದ್ದಿದ್ದವು. ಎಣ್ಣೆ ಹ್ಯಾಂಗ ಕೊಡ್ತೀಯೋ ಅಂತ ಸತ್ತೆವ್ವ ಕೇಳಿದಳು. ಮಾಯಪ್ಪ ಕಿವಿಗೆ ಹಾಕಿಕೊಳ್ಳಲಿಲ್ಲ. ಬರುವ ಸೋಮವಾರ ಬಿಟ್ಟು ಅದರ ಮುಂದಿನ ಸೋಮವಾರ ಎಲುಬಿನ ಲಿಲಾವು. ಹಿಡಿದವರಿಗೆ ಬಯಲು ಮೂರು ವರ್ಷ ಗುತ್ತಿಗೆ. ಸುತ್ತಲಿನ ಹಳ್ಳಿಗಳ ಎಲುಬೂ ಅಲ್ಲೇ ತಂದು ಒಟ್ಟಿ, ಒಣಗಿಸಿ, ಕಳಿಸುವುದಾಗುತ್ತದೆ. ಅಲ್ಲಿ ಕಲ್ಲು ಇಟ್ಟವರು ತೆಗೆಯತಕ್ಕದ್ದು. ಇಷ್ಟನ್ನು ಅವನು ಒಂದೇ ಉಸಿರಿನಲ್ಲಿ ಹೇಳಿದ. ಕಲ್ಲಿನ ಮಾತು ಬಂದಾಗ ಸತ್ತೆವ್ವನ ನಗು ಅಲ್ಲೇ ನಿಂತಿತು.

ಕೆಂಪವ್ವನಿಗೆ ಅವತ್ತಿನಿಂದ ಕೂತಲ್ಲಿ ಕೂಡಲಾಗಲಿಲ್ಲ, ನಿಂತಲ್ಲಿ ನಿಲ್ಲಲಾಗಲಿಲ್ಲ. ರೊಟ್ಟಿ ಬಡಿಯುತ್ತ ಬಡಿಯುತ್ತ ಎದ್ದು ಹೊರಗೆ ಬಂದು ದಿಬ್ಬದ ಕಡೆ ನೋಡುವಳು, ಹಂಚಿನ ಮೇಲಿನ ರೊಟ್ಟಿ ಸುಟ್ಟ ವಾಸನೆಗೆ ಒಳಗೆ ಓಡುವಳು. ಹಳ್ಳದ ನೀರು ಆಗಲೇ ಬಣ್ಣ ತಿರುಗಿಸಿತ್ತು.

ಭಾನುವಾರ ಗೋಕಾಕದಿಂದ ಕೇದಾರಿ ಬಂದ. ಅವನು ಉದ್ದಪ್ಪನ ಚಿಕ್ಕಪ್ಪನ ಮಗ, ನೂಲಿನ ಗಿರಣಿಯಲ್ಲಿ ಪಗಾರದ ಕೆಲಸ. ಸಂಜೆ ಹೊತ್ತು ಗಿರಣಿಯ ಹುಡುಗರು ಒಂದು ಖೋಲಿಯಲ್ಲಿ ಕೂಡಿ ಪೇಪರು ಓದುತ್ತಿದ್ದರು, ಪುಸ್ತಕ ಓದುತ್ತಿದ್ದರು, ಜಗಳವಾಡುತ್ತಿದ್ದರು. ಕೇದಾರಿ ಅಲ್ಲಿಂದ ದೊಡ್ಡ ದೊಡ್ಡ ಮಾತು ತರುತ್ತಿದ್ದ. ಲಗಮಣ್ಣ ಕಾಕಾನ ಬೇವಿನ ಗಿಡದ ಕೆಳಗೆ ಕೇರಿ ಕೂಡಿದಾಗ ಅವನು ಎದ್ದು ನಿಂತ. ಗಿರಣಿಯ ಯಂತ್ರದ ಮೇಲೆಲ್ಲ ವಿಲಾಯತಿ ಊರಿನ ಹೆಸರು ಬರೆದಿದೆ, ಒಂದು ಹಲ್ಲು ಮುರಿದರೂ ಹಡಗಿನ ದಾರಿ ಕಾಯಬೇಕು ಅಂದ. ನಮ್ಮ ಹತ್ತಿ ಹೋಗುತ್ತದೆ, ಶೇಂಗಾ ಹೋಗುತ್ತದೆ, ಚರ್ಮ ಹೋಗುತ್ತದೆ, ಈಗ ಎಲುಬೂ ಹೊರಟಿದೆ. ಹೋಗುವಾಗ ಚೀಲದ ಲೆಕ್ಕ, ತಿರುಗಿ ಬರುವಾಗ ತೊಲದ ಲೆಕ್ಕ ಅಂದ.

"ಇಂಗ್ರೇಜರು ಹ್ವಾದರು ಅಂತ ಝೇಂಡಾ ಏರಿಸಿದಿವಿ," ಅಂದ. "ಹೋಗೂ ಮುಂದ ಬಾಗಲಾ ಹಾಕ್ಕೊಂಡು ಹೋಗಿಲ್ಲ ಅವರು. ತೆರದ ಬಾಗಲದಾಗ ಇನ್ನೂ ನಮ್ಮ ಮನಿ ಖಾಲಿ ಆಗಾಕತ್ತೈತಿ."

ಮಾತು ಎಲ್ಲರಿಗೂ ಚಲೋ ಅನ್ನಿಸಿತು. ಆದರೆ ಲಿಲಾವಿಗೆ ಏನು ಮಾಡುವುದು ಅಂತ ಕೇಳಿದರೆ ಹುಕ್ಕೇರಿಗೆ ಮೋರ್ಚಾ ಒಯ್ಯೋಣ ಅಂದ. ಲಗಮಣ್ಣ ಕಾಕಾನ ವಿಚಾರ ಬೇರೆ ಇತ್ತು. ನಾವೇ ಮನೆಗಿಷ್ಟು ಅಂತ ವರ್ಗಣಿ ಹಾಕಿ ಲಿಲಾವು ಹಿಡಿಯೋಣ, ಬಯಲು ನಮ್ಮ ಕೈಯಲ್ಲಿ ಉಳಿಯುತ್ತದೆ ಅಂದ. ಹಿಡಿದ ಮೇಲೆ ಎಲುಬು ಆರಿಸಿ ಮಾರಬೇಕಲ್ಲ, ಆಣೆಯ ಗತಿ ಏನು ಅಂತ ಒಬ್ಬರು ಕೇಳಿದರು. ಒಣ ಎಲುಬು ಸತ್ತ ದನ ಅಲ್ಲ ಅಂತ ಇನ್ನೊಬ್ಬರು. ಹಾಗಾದರೆ ಅದೇನು ಗೆಣಸೇ ಅಂತ ಮತ್ತೊಬ್ಬರು. ಮಾತು ಅಲ್ಲಿಗೆ ಹರಿದುಹೋಯಿತು. ಕೆಂಪವ್ವ ಕಾಲಬೆರಳಿನಿಂದ ನೆಲ ಕೆದರುತ್ತ ಕೂತಿದ್ದಳು. ಆರಿದ ಎಲುಬಿಗೂ ಹಸಿ ಎಲುಬಿಗೂ ನಡುವಿನ ವ್ಯತ್ಯಾಸ ಉದ್ದಪ್ಪನ ಅಂಗಾಲಿಗೆ ಗೊತ್ತಿತ್ತು. ಈಗ ಅವನನ್ನು ಕೇಳುವಂತಿರಲಿಲ್ಲ.

ಅವತ್ತೇ ಮಧ್ಯಾಹ್ನ ಅಣ್ಣಾಸಾಹೇಬನ ಲಾರಿ ಕೇರಿಯ ಬಾಯಿಗೆ ಬಂದು ನಿಂತಿತು. ಲಿಲಾವು ತನಗೇ ಆಗುವುದು ಅವನಿಗೆ ಖಾತ್ರಿ ಇತ್ತು. ಚೇರಮನ್ ರಾವಸಾಹೇಬನ ಜೋಡಿ ಮಾತಾಗಿತ್ತು. ಈಗ ಆರಿಸುವ ಕೈ ಬೇಕಾಗಿದ್ದವು. ಹೊಲದ ಕೂಲಿಗಿಂತ ಹೆಚ್ಚು ಕೊಡುತ್ತೇನೆ ಅಂದ. ಜೋರು ಮಾಡಲಿಲ್ಲ, ಆಸೆ ತೋರಿಸಿ ಪೀಡಿಸಲೂ ಇಲ್ಲ. ಹೆಂಗಸರು ದೂರ ನಿಂತು ಕೇಳಿದರು. ಕೆಂಪವ್ವ ಹತ್ತಿರ ಹೋಗಿ, ಇಷ್ಟು ಎಲುಬು ಒಯ್ದು ಏನು ಮಾಡುತ್ತೀರಿ ಅಂತ ಕೇಳಿದಳು.

ತನ್ನ ಉದ್ಯೋಗದ ಬಗ್ಗೆ ಯಾರೂ ಹೀಗೆ ಕೇಳಿರಲಿಲ್ಲವೋ ಏನೋ, ಅಣ್ಣಾಸಾಹೇಬ ಖುಷಿಯಿಂದ ಹೇಳತೊಡಗಿದ. ಇಲ್ಲಿಂದ ಗೋಕಾಕ ರೋಡ್ ಸ್ಟೇಶನ್, ಅಲ್ಲಿಂದ ಗಾಡಿಯ ಡಬ್ಬಿಯಲ್ಲಿ ಮುಂಬೈ. ಅಲ್ಲಿ ನುಚ್ಚು ಮಾಡಿ ಚೀಲ ಹೊಲಿದು ಹಡಗಿಗೆ ಹಾಕುತ್ತಾರೆ. ವಿಲಾಯತಿಯಲ್ಲಿ ದೊಡ್ಡ ಕಾರಖಾನೆಗಳಿವೆ. ಅಲ್ಲಿ ಎಲುಬನ್ನು ನೆನೆಹಾಕಿ, ಕುದಿಸಿ, ಗಾಜಿನಂಥ ಅಂಟು ತೆಗೆಯುತ್ತಾರೆ. ಫೋಟೋ ತೆಗೆಯುವ ರೀಲಿಗೆ ಅದು ಬೇಕು, ಔಷಧಕ್ಕೂ ಬೇಕು. ಕೋಟಿನ ಕಿಸೆಯಿಂದ ಒಂದು ಸಣ್ಣ ಸೀಸೆ ತೆಗೆದು ಅಂಗೈ ಮೇಲೆ ಒಂದು ಗುಳಿಗೆ ಹಾಕಿ ತೋರಿಸಿದ. ಅರ್ಧ ಕೆಂಪು, ಅರ್ಧ ಹಳದಿ, ನುಣ್ಣಗೆ ಹೊಳೆಯುತ್ತಿತ್ತು.

"ಒಳಗಿಂದು ಔಷಧ. ಮ್ಯಾಲಿನ ಸಿಪ್ಪಿ ಐತಲ್ಲ, ಅದು ಇದರಿಂದನ," ಅಂತ ದಿಬ್ಬದ ಕಡೆ ಗದ್ದ ಎತ್ತಿ ತೋರಿಸಿದ. "ನಿಮ್ಮೂರ ಎತ್ತು ಹಡಗ ಹತ್ತಿ ಹೋಗಿ ಗುಳಿಗಿ ಆಗಿ ಬರ್ತೈತಿ ನೋಡ ತಂಗಿ."

ಕೆಂಪವ್ವ ಆ ಗುಳಿಗೆಯನ್ನು ಕಂಡಿದ್ದಳು. ಹೋದ ಮಳೆಗಾಲ ನೀರು ಇಳಿದ ಮೇಲೆ ಊರಿಗೆಲ್ಲ ವಾರಗಟ್ಟಲೆ ಬಿಡದ ಮುದ್ದತಿನ ಜ್ವರ ಬಂದಾಗ ಅತ್ತೆಗೆ ಗೋಕಾಕದ ಡಾಕ್ಟರು ಬರೆದುಕೊಟ್ಟದ್ದು ಇದೇ ಗುಳಿಗೆ. ಹಾಲು ಕೊಡುವ ಆಡು ಮಾರಿ ತಂದಿದ್ದಳು. ಉದ್ದವ್ವ ಒಂದೊಂದನ್ನೂ ನಾಲಿಗೆಯ ಮೇಲೆ ಇಟ್ಟುಕೊಂಡು, ಕರಗುವ ತನಕ ಬಾಯಿ ಮುಚ್ಚಿ, ಬಿಟ್ಟರೆ ಎಲ್ಲಿ ಹಾರಿಹೋಗುತ್ತದೋ ಅನ್ನುವ ಹಾಗೆ ಕೂರುತ್ತಿದ್ದಳು. ರಾವಸಾಹೇಬನ ಮನೆಗೂ ಅದೇ ಗುಳಿಗೆ ಬಂದಿತ್ತು. ಮಾಯಪ್ಪನೇ ಸೈಕಲ್ ಮೇಲೆ ಹೋಗಿ ತಂದಿದ್ದ.

ಮನೆಗೆ ಬಂದು ಅತ್ತೆಗೆ ಹೇಳಬೇಕೋ ಬೇಡವೋ ಅಂತ ಕೊಡ ತೊಳೆದಳು, ತೊಳೆದ ಕೊಡವನ್ನೇ ಮತ್ತೆ ತೊಳೆದಳು. ಕಡೆಗೆ ಹೇಳಿಯೇಬಿಟ್ಟಳು. ಉದ್ದವ್ವ ಎಲೆಗೆ ಸುಣ್ಣ ಹಚ್ಚುವುದನ್ನು ನಿಲ್ಲಿಸಿದಳು.

"ಹಂಗಾರ ನಾ ತಿಂದದ್ದು ಯಾರ ಎತ್ತಬೇ?"

"ಯಾರದೋ, ಅತ್ತಿ. ಯಾವ ದೇಶದ್ದೋ."

"ನುಂಗೂ ಮುಂದ ಕೊಂಬು ತಾಗಲಿಲ್ಲ ಬಿಡು." ಮುದುಕಿ ಹಲ್ಲಿಲ್ಲದ ಬಾಯಿ ತೆರೆದು ನಕ್ಕಳು. ಅರ್ಧ ಸುಣ್ಣ ಹಚ್ಚಿದ ಎಲೆಯನ್ನು ಕೆಳಗಿಟ್ಟಳು. "ನಾವು ಉಗುಳಿ ಬಿಟ್ಟದ್ದನ್ನ ಬಣ್ಣಾ ಹಚ್ಚಿ ತಿರಿಗಿ ನಮಗ ಮಾರ್ಯಾರ. ಆಡ ಕೊಟ್ಟು ತಿಂದೇನಿ ನಾ. ಆಣಿ ಮುರದಾಕಿ ನಾ ಅಲ್ಲ, ಕೆಂಪವ್ವ. ಬೇಕಾದವರಿಗೆ ಹೇಳು."

ಮರುದಿನ ಬೆಳಗಾಗುತ್ತಲೇ ಕೆಂಪವ್ವ ಸಗಣಿ ಬುಟ್ಟಿ ತೆಗೆದುಕೊಂಡು ದಿಬ್ಬ ಹತ್ತಿದಳು. ಲಿಲಾವಿಗೆ ಇನ್ನೂ ವಾರವಿತ್ತು. ಮೊದಲು ತನ್ನ ಕಲ್ಲುಗಳ ನಡುವಿನ ಎಮ್ಮೆಯ ಬುರುಡೆ ಎತ್ತಿದಳು. ಕಣ್ಣಿನ ತೂತಿನ ನೀರು ಚೆಲ್ಲಿದಳು. ಆಣೆ ಮಾಡಿದ ನಾಲ್ಕು ವರ್ಷದಿಂದ ಎಲುಬು ಮುಟ್ಟಿರಲಿಲ್ಲ. ಬುಟ್ಟಿ ತುಂಬಿದ ಮೇಲೆ ಸಿಂಬೆ ಸುತ್ತಿ ತಲೆಯ ಮೇಲೆ ಇಟ್ಟುಕೊಂಡು ಹೊಳೆಯ ದಂಡೆಗೆ ಇಳಿದು, ಕೆಂಪು ನೀರು ಸುಳಿ ತಿರುಗುವ ಮಡುವಿಗೆ ಬುಟ್ಟಿ ಬೋರಲು ಹಾಕಿದಳು. ಎಲುಬು ಒಂದು ಗಳಿಗೆ ತೇಲಿದಂತೆ ಕಂಡು ಒಳಗೆ ಹೋದವು. ತಿರುಗಿ ಬಂದು ಮತ್ತೊಂದು ಬುಟ್ಟಿ ತುಂಬಿದಳು.

ಮೂರನೆಯ ಬುಟ್ಟಿಗೆ ಸತ್ತೆವ್ವ ಅಡ್ಡ ಬಂದಳು. ಫೋಟೋದ ಮುಂದೆ ಕೈ ಮುಂದೆ ಮಾಡಿ ಹೇಳಿದ್ದೇನು, ಈಗ ಮಾಡುತ್ತಿರುವುದೇನು ಅಂತ ಕೇಳಿದಳು. ಸತ್ತೆವ್ವ ಕೇರಿಯಲ್ಲಿ ಎಲ್ಲರಿಗಿಂತ ಗಟ್ಟಿಯಾಗಿ ಆಣೆ ಹಿಡಿದವಳು. ಗಂಡ ಒಮ್ಮೆ ಊರವರ ಎಮ್ಮೆಗೆ ಹಗ್ಗ ಹಚ್ಚಿದ ಅಂತ ತವರಿಗೆ ಹೋಗಿ ತಿಂಗಳು ಕೂತಿದ್ದಳು. ಕೆಂಪವ್ವ ಬುಟ್ಟಿ ಇಳಿಸಲಿಲ್ಲ. ತಲೆಯ ಮೇಲಿನ ಭಾರಕ್ಕೆ ಕುತ್ತಿಗೆಯ ನರ ಎದ್ದು ನಿಂತಿದ್ದವು.

"ಊರವರ ಸಲುವಾಗಿ ಎತ್ತೂದಿಲ್ಲ ಅಂದೇವಿ. ಇದು ನಮ್ಮ ಅಂಗಳ. ನಿನ್ನ ಅಂಗಳಾ ನೀ ಗುಡಿಸಿದರ ಯಾವ ಆಣಿ ಮುರೀತೈತಿ ಹೇಳು."

"ಅಂಗಳಾ ಅಂತ ಕಾಗದ ಬಂದೈತೇನ?"

"ಎಲಬು ಇರೂತನಕಾ ಬರೂದಿಲ್ಲ. ಅದಕ್ಕ ಗುಡಸಾಕತ್ತೇನಿ."

ಸತ್ತೆವ್ವ ಅಲ್ಲೇ ನಿಂತುಕೊಂಡಳು. ಕೆಂಪವ್ವ ಹೊಳೆಗೆ ಹೋಗಿ ಬರುವಷ್ಟರಲ್ಲಿ ಅವಳು ತನ್ನ ಕಲ್ಲುಗಳ ನಡುವಿನ ಎಲುಬನ್ನೆಲ್ಲ ಮುಂದಕ್ಕೆ ಮುಂದಕ್ಕೆ ಗುಡಿಸಿ ಒಟ್ಟಿದ್ದಳು, ಕೈಯಿಂದ ಮುಟ್ಟದೆ, ಕಸಬರಿಗೆಯಿಂದ. ಬುಟ್ಟಿಗೆ ತುಂಬುವಾಗ ಮಾತ್ರ ಕೈ ಹಚ್ಚಲೇಬೇಕಾಯಿತು. ಹಚ್ಚಿದಳು, ಹಚ್ಚಿ ಕೆಂಪವ್ವನಿಗೆ ಬೈದಳು. ಸಂಜೆಯ ಹೊತ್ತಿಗೆ ಇನ್ನೂ ನಾಲ್ಕಾರು ಹೆಂಗಸರು ಬಂದಿದ್ದರು. ಗಂಡಸರು ಬೇವಿನ ಗಿಡದ ಕೆಳಗೆ ಇನ್ನೂ ಮಾತಾಡುತ್ತಲೇ ಇದ್ದರು. ಲಗಮಣ್ಣ ಕಾಕಾ ದಿಬ್ಬಕ್ಕೆ ಬಂದು ಸಿಟ್ಟು ಮಾಡಿದ, ಲಿಲಾವು ಹಿಡಿಯುವ ಮಾಲನ್ನೇ ಹೊಳೆಗೆ ಹಾಕಿದರೆ ನಾಳೆ ಹಿಡಿಯುವುದೇನನ್ನು ಅಂತ ಕೂಗಾಡಿದ. ಮಾರನೆಯ ದಿನ ಅವನ ಹೆಂಡತಿಯೇ ಬುಟ್ಟಿ ಹಿಡಿದು ಬಂದಳು. ಅವನು ಕೂಗಾಡಲು ತಿರುಗಿ ಬರಲಿಲ್ಲ.

ಎಲುಬು ಮುಗಿಯಲಿಲ್ಲ. ಮೇಲಿನದು ತೆಗೆದರೆ ಕೆಳಗೆ, ಕೆಳಗಿನದು ತೆಗೆದರೆ ಮಣ್ಣಿನಲ್ಲಿ ಅರ್ಧ ಹೂತದ್ದು. ಅಜ್ಜಂದಿರು ಎಳೆದ ದನ, ಮುತ್ತಜ್ಜಂದಿರು ಎಳೆದ ದನ. ಕೆಲವು ಮುಟ್ಟಿದರೆ ಪುಡಿಯಾಗುತ್ತಿದ್ದವು, ಕೆಲವು ಕಬ್ಬಿಣದ ಹಾಗೆ ಗಟ್ಟಿ. ಹೆಂಗಸರ ಅಂಗೈ ಸೀಳಿದವು. ಕೆಂಪವ್ವ ಎಲ್ಲರ ಕಾಲಿಗೂ ಹಳೆಯ ಸೀರೆಯ ತುಂಡು ಸುತ್ತಿಸಿದಳು, ಸುತ್ತದವರನ್ನು ಒಳಗೆ ಬಿಡಲಿಲ್ಲ. ಅವಳಿಗೆ ನಿದ್ದೆ ಹತ್ತುತ್ತಿರಲಿಲ್ಲ, ಊಟ ಸೇರುತ್ತಿರಲಿಲ್ಲ. ಹೊಳೆಯ ನೀರು ಇಳಿದುಬಿಟ್ಟರೆ ಎಲುಬು ದಂಡೆಗೆ ಬಂದು ಬೀಳುತ್ತವೆ ಅನ್ನುವ ಅಂಜಿಕೆ. ನೀರು ಏರಿದರೆ ಕೇರಿಯೇ ಹೋಗುತ್ತದೆ ಅನ್ನುವ ಅಂಜಿಕೆ ಅದರ ಮೇಲೆ.

ನಡುವಾರ ಕೇದಾರಿ ರಜೆ ಹಾಕಿ ಬಂದ. ಯಾರೋ ಗೋಕಾಕಕ್ಕೆ ಸುದ್ದಿ ಮುಟ್ಟಿಸಿದ್ದರು. ಅವನು ಸಿಟ್ಟಾಗಿರಲಿಲ್ಲ, ಅವನಿಗೆ ಹಳಹಳಿ ಆಗಿತ್ತು. ಇಷ್ಟು ಮಾಲನ್ನು ನೀರಿಗೆ ಹಾಕುವ ಬದಲು ನಾವೇ ಸೊಸೈಟಿ ಮಾಡಿ, ನಡುವಿನ ದಲಾಲನನ್ನು ಬಿಟ್ಟು, ಸೀದಾ ಮುಂಬೈಗೆ ಮಾರಬಹುದಿತ್ತು, ದರ ನಾವೇ ಕಟ್ಟಬಹುದಿತ್ತು ಅಂದ. ಪುಸ್ತಕದಲ್ಲಿ ಹಾಗೆ ಮಾಡಿದವರ ಸುದ್ದಿ ಓದಿದ್ದೇನೆ ಅಂದ. ಕೆಂಪವ್ವ ಬುಟ್ಟಿ ಕೆಳಗಿಟ್ಟು ಅವನ ಎದುರಿಗೆ ಕೂತಳು.

"ಕೇದಾರಿ, ಇದಕ್ಕ ರೊಕ್ಕಾ ಬರ್ತೈತಿ ಅಂತ ಗೊತ್ತಾಗೂತನಕಾ ಈ ಬೈಲ ನಮಗ ಕೊಟ್ಟಿದ್ದರು. ಗೊತ್ತಾದ ಮರದಿನ ಕಸಕೊಂಡರು. ನಾವು ಮಾರಿದರೂ ಇದಕ್ಕ ರೊಕ್ಕಾ ಬಂದಂಗ ಆತಿಲ್ಲೋ?"

"ಬರ್ತೈತಿ, ವೈನಿ. ನಮಗನ ಬರ್ತೈತಿ."

"ಮದಲನೇ ಸಲಾ ನಮಗ ಬರ್ತೈತಿ. ಎರಡನೇ ಸಲಾ ರಾವಸಾಹೇಬಗ ಬರ್ತೈತಿ. ನನಗ ದರಾ ಬ್ಯಾಡೋ ತಮ್ಮಾ, ನನಗ ಗ್ವಾಡಿ ಬೇಕು."

ಕೇದಾರಿ ಅವಳ ಸೀಳಿದ ಅಂಗೈ ನೋಡಿದ. ಆಮೇಲೆ ಅಂಗಿ ಬಿಚ್ಚಿ ಬೇಲಿಗೆ ಹಾಕಿ, ಗುದ್ದಲಿ ತೆಗೆದುಕೊಂಡು, ಮಣ್ಣಿನಲ್ಲಿ ಹೂತಿದ್ದನ್ನು ಕೀಳತೊಡಗಿದ. ಅವನನ್ನು ಕಂಡು ಗಂಡಸರು ಒಬ್ಬೊಬ್ಬರಾಗಿ ಬೇವಿನ ಗಿಡ ಬಿಟ್ಟೆದ್ದರು.

ಸೋಮವಾರ ಮಳೆ ಹೊಳವಾಗಿತ್ತು. ರಾವಸಾಹೇಬ ಪಟಕ ಸುತ್ತಿಕೊಂಡು, ಊರ ಹಿರಿಯರನ್ನು ಕರೆದುಕೊಂಡು, ಹಿಂದೆ ಮಾಯಪ್ಪ ಡಬ್ಬಿ ಹಿಡಿದು, ದಿಬ್ಬಕ್ಕೆ ಬಂದ. ವಾರವೆಲ್ಲ ಅವನು ಬೆಳಗಾವಿಯಲ್ಲಿ ಮಗಳ ಮನೆಯಲ್ಲಿ ಇದ್ದ. ಸುದ್ದಿ ಹೇಳಬೇಕಾಗಿದ್ದ ಮಾಯಪ್ಪ ಯಾಕೋ ಹೇಳಿರಲಿಲ್ಲ. ಅಣ್ಣಾಸಾಹೇಬನ ಲಾರಿ ಆಗಲೇ ಬಂದು ನಿಂತಿತ್ತು. ಬಯಲಿನಲ್ಲಿ ಒಂದು ಚೂರು ಎಲುಬು ಇರಲಿಲ್ಲ. ಕೆದರಿದ ಕೆಂಪು ಮಣ್ಣು, ಸಾಲಾಗಿ ಇಟ್ಟ ಕಲ್ಲು. ಜಾಲಿಗಿಡ ಕಡಿದಲ್ಲಿ ಕೆಂಪವ್ವ ಆಗಲೇ ಮೊಣಕಾಲುದ್ದ ಪಾಯ ತೋಡಿದ್ದಳು, ಅದರಲ್ಲೇ ನಿಂತಿದ್ದಳು.

ಅಣ್ಣಾಸಾಹೇಬ ಬಯಲನ್ನು ಒಂದು ಸುತ್ತು ನೋಡಿ, ಬೀಡಿ ಹಚ್ಚಿ, ಡ್ರೈವರನಿಗೆ ಗಾಡಿ ತಿರುಗಿಸಲು ಹೇಳಿದ. ಅವನಿಗೆ ಸಿಟ್ಟೂ ಬರಲಿಲ್ಲ. ಕಲ್ಲೋಳಿಯಲ್ಲಿ ಐತಿ, ಕೌಜಲಗಿಯಲ್ಲಿ ಐತಿ, ಎಲುಬಿಗೇನು ಬರ ಅಂದ. ಹಡಗು ಈ ಊರಿನ ಹೆಸರು ಕೇಳಿಕೊಂಡು ಬಂದದ್ದಲ್ಲ. ರಾವಸಾಹೇಬನಿಗೆ ಮಾತ್ರ ಮುಖದ ರಕ್ತವೆಲ್ಲ ಕಿವಿಗೆ ಏರಿತು. ಪಂಚಾಯತಿಯ ಮಾಲು ಕದ್ದಿದ್ದೀರಿ, ಸತ್ತ ದನ ಮುಟ್ಟುವುದಿಲ್ಲ ಅಂತ ಮೂರು ಲೋಕಕ್ಕೆ ಸಾರಿದವರು ಈಗ ಹೇಗೆ ಮುಟ್ಟಿದಿರಿ ಅಂತ ಹಂಗಿಸಿದ. ನಿಮ್ಮ ಹುಟ್ಟು ಎಲ್ಲಿಗೆ ಹೋಗುತ್ತದೆ, ಕಡೆಗೆ ಎಲುಬಿಗೇ ಬಂದಿರಿ ಅಂದ. ಊರ ಹಿರಿಯರು ನಕ್ಕರು.

ಕೆಂಪವ್ವ ಪಾಯದಿಂದ ಮೇಲೆ ಬರಲಿಲ್ಲ. ಗುದ್ದಲಿಯ ಕಾವಿನ ಮೇಲೆ ಕೈಯಿಟ್ಟು ಮಾತಾಡಿದಳು.

"ಹೋದ ವರ್ಷ ನಿಮಗೂ ಮುದ್ದತಿನ ಜ್ವರಾ ಬಂದಿತ್ತಲ್ರಿ ಸಾವ್ಕಾರ್ರ. ಎರಡ ಬಣ್ಣದ ಗುಳಿಗಿ ತಗೊಂಡ್ರಿ. ನಮ್ಮತ್ತೀನೂ ತಗೊಂಡಳು. ಅದರ ಸಿಪ್ಪಿ ಇದ ಎಲಬಿಂದಂತ, ಈ ಅಣ್ಣಾಸಾಹೇಬ್ರು ಹೇಳ್ಯಾರ. ನಾವರ ಕೈಲೆ ಮುಟ್ಟೇವಿ. ನೀವು ಮುಟ್ಟಿದ್ದು ಹೊಟ್ಟಿ ಒಳಗಿಂದ."

ಎಲ್ಲರೂ ಅಣ್ಣಾಸಾಹೇಬನ ಕಡೆ ತಿರುಗಿದರು. ಅವನು ಕೊಡೆ ಮಡಚುವ ಕೆಲಸದಲ್ಲಿ ಮುಳುಗಿದ್ದ, ಸುಳ್ಳು ಅನ್ನಲಿಲ್ಲ. ಮೂರು ತಲೆಮಾರಿನಿಂದ ತತ್ತಿಯನ್ನೂ ಮುಟ್ಟದ ಮನೆತನ ರಾವಸಾಹೇಬನದು. ಮಾಯಪ್ಪನಿಗೆ ನಗು ತಡೆಯಲಾಗದೆ ಡಬ್ಬಿಯನ್ನು ಬಾಯಿಗೆ ಅಡ್ಡ ಹಿಡಿದುಕೊಂಡ. ನಗು ಡಬ್ಬಿಯೊಳಗೆ ಹೋಗಿ ದೊಡ್ಡದಾಗಿ ಹೊರಗೆ ಬಂತು. ರಾವಸಾಹೇಬ ದಿಬ್ಬ ಇಳಿದು ಹೋಗಿ ಕಳವಾಗಿದೆ ಅಂತ ಠಾಣೆಗೆ ಸುದ್ದಿ ಕಳಿಸಿದ. ಮಧ್ಯಾಹ್ನದ ಒಳಗೆ ಹುಕ್ಕೇರಿಯಿಂದ ಪೋಲೀಸರ ಗಾಡಿ ಬಂತು. ಕೆಂಪವ್ವ, ಸತ್ತೆವ್ವ, ಇನ್ನೂ ಮೂವರನ್ನು ಹತ್ತಿಸಿಕೊಂಡು ಹೋಯಿತು. ನನ್ನನ್ನೂ ಒಯ್ಯಿರಿ ಅಂತ ಕೇದಾರಿ ಗಾಡಿಯ ಹಿಂದೆ ಓಡಿದ, ಒಯ್ಯಲಿಲ್ಲ.

ಹುಕ್ಕೇರಿಯ ಠಾಣೆಯ ಪಡಸಾಲೆಯಲ್ಲಿ ಅವರನ್ನು ಕೂರಿಸಿದರು. ಫೌಜದಾರ ಹೊಸಬ, ಧಾರವಾಡ ಕಡೆಯವನು, ಕೇಸು ಬರೆಯಲು ಕೂತು ಪೆನ್ನು ಹಿಡಿದು ಯೋಚನೆಗೆ ಬಿದ್ದ. ಕಳವಿನ ಕೇಸಿಗೆ ಮಾಲಿನ ಬೆಲೆ ಬರೆಯಬೇಕು. ಬೆಲೆ ಇಷ್ಟಿದ್ದರೆ ಇಂಥ ಶಿಕ್ಷೆ, ಅಷ್ಟಿದ್ದರೆ ಅಂಥದ್ದು. ಎಲುಬಿನ ಬೆಲೆ ಯಾರಿಗೆ ಗೊತ್ತು ಅಂದರೆ ಅಣ್ಣಾಸಾಹೇಬನಿಗೆ ಗೊತ್ತು. ಅವನನ್ನು ಹಾದಿಯಲ್ಲೇ ತಡೆದು ಕರೆಸಿದರು. ರಾವಸಾಹೇಬ ಬಾಜೂಕೆ ಖುರ್ಚಿ ಹಾಕಿಸಿಕೊಂಡು ಕೂತಿದ್ದ. ಅಣ್ಣಾಸಾಹೇಬ ಒಳಗೆ ಬರುತ್ತಲೇ, ದೊಡ್ಡ ಬೆಲೆ ಹೇಳಿಬಿಡು ಅಂತ ಎಲ್ಲರಿಗೂ ಕೇಳುವ ಹಾಗೆ ಪಿಸುಗುಟ್ಟಿದ.

ಫೌಜದಾರ ಕೇಳಿದ, ಈ ಎಲುಬಿಗೆ ಸ್ಟೇಶನ್ನಿನಲ್ಲಿ ಏನು ದರ, ಮುಂಬೈಯ ಬಂದರದಲ್ಲಿ ಏನು ದರ, ಬರೆಸು ಅಂತ.

ಕೆಂಪವ್ವ ನೆಲದ ಮೇಲೆ ಕೂತಲ್ಲಿಂದ ಅಣ್ಣಾಸಾಹೇಬನ ಮುಖ ನೋಡುತ್ತಿದ್ದಳು. ಆ ಬಾಯಿಯಿಂದ ಬರುವ ಮಾತಿನ ಮೇಲೆ ಅವಳ ಪಾಯ ನಿಂತಿತ್ತು. ದೊಡ್ಡ ಬೆಲೆ ಬಂದರೆ ತಾನು ಜೇಲಿಗೆ, ಬಯಲು ಲಿಲಾವಿಗೆ. ಅಣ್ಣಾಸಾಹೇಬ ಬಾಯಿ ತೆರೆದ, ರಾವಸಾಹೇಬನ ಕಡೆ ಒಮ್ಮೆ ನೋಡಿದ, ಮುಚ್ಚಿದ. ಕೋಟಿನ ಗುಂಡಿ ತಿರುವಿದ. ಬಂದರದ ದರ ಈಗ ಇಲ್ಲಿ ಬಾಯಿಬಿಟ್ಟರೆ ರಾವಸಾಹೇಬನ ಕಿವಿಗೆ ಬೀಳುತ್ತದೆ. ತಾನು ಕೊಡಲು ಒಪ್ಪಿದ ಲಿಲಾವಿನ ರೊಕ್ಕಕ್ಕೂ ಇದಕ್ಕೂ ನಡುವಿನ ಅಂತರ ಅವನಿಗೆ ಗೊತ್ತಾಗುತ್ತದೆ. ನಾಳೆ ಕಲ್ಲೋಳಿಯ ಚೇರಮನ್ನನಿಗೆ ಗೊತ್ತಾಗುತ್ತದೆ, ನಾಡಿದ್ದು ಕೌಜಲಗಿಯವನಿಗೆ, ಆಮೇಲೆ ಇಡೀ ಸೀಮೆಗೆ. ಆಗ ಯಾವ ಊರಿನವರೂ ಎಲುಬನ್ನು ಪುಕ್ಕಟೆಯ ಹಾಗೆ ಎತ್ತಲು ಬಿಡುವುದಿಲ್ಲ. ಮುಂಬೈಯ ಕಂಪನಿ, ಅದರ ಆಚೆ ಸಮುದ್ರದ ಕಂಪನಿ, ಎಲ್ಲ ಬದುಕಿದ್ದು ಇಲ್ಲಿಯವರಿಗೆ ಆ ದರ ಗೊತ್ತಿಲ್ಲದ್ದರ ಮೇಲೆ.

"ಇದಕ್ಕೇನ ಬೆಲಿ ಇರ್ತೈತ್ರಿ ಫೌಜದಾರಸಾಹೇಬ್ರ," ಅಂದ ಅಣ್ಣಾಸಾಹೇಬ. "ಬೈಲಾಗ ಬಿದ್ದ ಎಲಬು. ಕಸಾ ಅದು. ಸಾಗಸೂ ಖರ್ಚನ ಮೈಮ್ಯಾಲೆ ಬರ್ತೈತಿ. ಏನೋ ಧರ್ಮಕ್ಕ ಒಯ್ತೀವ್ರಿ."

ರಾವಸಾಹೇಬ ಖುರ್ಚಿಯಿಂದ ಎದ್ದು ನಿಂತ. ಕಸ ಎತ್ತಲು ಲಾರಿ ತಗೊಂಡು ಬಂದಿದ್ಯಾ ಅಂತ ಕೂಗಿದ. ಅಣ್ಣಾಸಾಹೇಬ ಕಸ ಅಂದದ್ದನ್ನು ಬಿಡಲಿಲ್ಲ. ಫೌಜದಾರನಿಗೆ ಮಧ್ಯಾಹ್ನದ ಊಟ ತಡವಾಗಿತ್ತು. ಕಸ ಕದ್ದದ್ದಕ್ಕೆ ಕೇಸು ಹಾಕುವ ಕಾಯಿದೆ ತನಗೆ ಗೊತ್ತಿಲ್ಲ ಅಂದು, ಹೆಂಗಸರಿಗೆ ಎದ್ದು ಹೋಗಲು ಹೇಳಿದ.

ಉಳಿದವರು ಎದ್ದರು. ಕೆಂಪವ್ವ ಏಳಲಿಲ್ಲ. ಉದ್ದಪ್ಪನ ಕಾಲಿಗೆ ಹೊಕ್ಕದ್ದು ಕಸ. ಅತ್ತೆ ಆಡು ಮಾರಿ ನುಂಗಿದ್ದು ಕಸ. ವಾರವೆಲ್ಲ ಅಂಗೈ ಸೀಳಿಕೊಂಡು ಹೊತ್ತದ್ದು ಕಸ. ಆ ಕೋಟಿನವನ ಕುತ್ತಿಗೆ ಹಿಡಿದು ಬಂದರದ ದರ ಕಕ್ಕಿಸಬೇಕು ಅನ್ನಿಸಿತು. ಕಕ್ಕಿದರೆ ಪಾಯ ಹೋಗುತ್ತಿತ್ತು. ಹಲ್ಲು ಕಚ್ಚಿ ಹಿಡಿದಳು.

"ಕಸಾ ಅಂತ ಬರದ ಕೊಡ್ರಿ ಸಾಹೇಬ್ರ," ಅಂದಳು. "ಆ ಬೈಲಾಗ ಇದ್ದದ್ದು ಕಸಾ, ನಾವು ಕಸಾ ತಗದ ಹಸನ ಮಾಡೇವಿ, ಇಷ್ಟ ಬರೀರಿ. ಮಾಮಲೇದಾರ್ರಿಗೆ ತೋರಿಸಬೇಕು."

ಫೌಜದಾರ ಅವಳನ್ನು ನೋಡಿ, ಹಾಗೆಯೇ ಬರೆದ. ಅಣ್ಣಾಸಾಹೇಬ ಸಹಿ ಮಾಡಲು ಹಿಂದೆ ಮುಂದೆ ನೋಡಿದ, ಹೇಳಿದ ಮಾತಾದ್ದರಿಂದ ಮಾಡಲೇಬೇಕಾಯಿತು. ಕೆಂಪವ್ವನ ಹೆಬ್ಬೆರಳು ಸೀಳಿದ್ದರಿಂದ ಗುರುತು ಸರಿಯಾಗಿ ಮೂಡಲಿಲ್ಲ. ಎರಡನೆಯ ಸಲ ಒತ್ತಿಸಿಕೊಂಡರು. ಆ ಕಾಗದ ಹಿಡಿದು ಮಾಮಲೇದಾರರ ಕಚೇರಿಗೆ ಹೋದರೆ, ಅವರು ಬೆಳಗಾವಿಗೆ ಹೋಗಿದ್ದಾರೆ, ನಾಳೆ ಬಾ ಅಂದರು. ನಾಳೆಯೂ ಬರುತ್ತೇನೆ, ನಾಡಿದ್ದೂ ಬರುತ್ತೇನೆ ಅಂತ ಹೇಳಿ ಹೊರಬಿದ್ದಳು.

ಮೋಟಾರಿಗೆ ರೊಕ್ಕ ಇರಲಿಲ್ಲ. ಐದೂ ಜನ ಘೋಡಗೇರಿಯ ದಾರಿ ಹಿಡಿದು ನಡೆದರು. ಪಡುವಣದಲ್ಲಿ ಮೋಡ ಮತ್ತೆ ಕಪ್ಪಾಗುತ್ತಿತ್ತು; ಹೊಳೆಯ ಕಡೆಯಿಂದ ತಣ್ಣನೆಯ ಗಾಳಿ. ಕೆಂಪವ್ವ ಎಲ್ಲರಿಗಿಂತ ಮುಂದೆ, ಓಡಿದ ಹಾಗೆ ನಡೆಯುತ್ತಿದ್ದಳು. ಸತ್ತೆವ್ವ ಏದುಸಿರು ಬಿಡುತ್ತ ಸರಿಗಟ್ಟಿ ಬಂದು, ಆ ಭಾಡಕೋ ಅಷ್ಟು ಎಲುಬನ್ನು ಕಸ ಅಂದಾಗ ನಿನ್ನ ಹೊಟ್ಟೆ ಉರಿಯಲಿಲ್ಲವೇ, ಕೇಳಿಕೊಂಡು ಹೆಬ್ಬೆಟ್ಟು ಬೇರೆ ಒತ್ತಿ ಬಂದೆಯಲ್ಲ ಅಂತ ಕೇಳಿದಳು.

"ಉರದೈತಿ. ಇನ್ನೂ ಉರಿಯಾಕತ್ತೈತಿ," ಅಂದಳು ಕೆಂಪವ್ವ, ಹೆಜ್ಜೆ ನಿಧಾನ ಮಾಡದೆ. "ಗ್ವಾಡಿ ಏರೂತನಕಾ ಕಸಾನ ಇರಲಿ. ಏರಿದ ಮ್ಯಾಲ ದರಾ ಕೇಳೂನು."